ಸರ್ನೋಬತ್ತರ ನಂಬರಿಲ್ಲದ ಕುದುರೆ

"ಸುಪ್ರೀಂ ಕೋರ್ಟಿನ ಆದೇಶದಿಂದ ಈ ದೇಶದಾಗ ಯಾರಿಗೆ ಲುಕ್ಸಾನ ಆದ್ರೂ ಆಗಲಿ, ಈ ಯಶವಂತ ಸರ್ನೋಬತ್ ಮಾತ್ರ ಲಾಭ ಮಾಡ್ಕೊಂಡ ತೀರತಾನ! ನೋಡ್ತಿರು ಮಂದಾ!"

ಹೀಗೆಂದು ಸರ್ನೋಬತ್ತರು ಘೋಷಿಸಿದ್ದು 2020ರ ಮಾರ್ಚ್ ತಿಂಗಳ ಒಂದು ಬೆಳಿಗ್ಗೆ, ಕೊಲ್ಹಾಪುರದ ಶಿವಾಜಿ ಪೇಠೆಯ ತಮ್ಮ ಮನೆಯ ಜಗಲಿಯ ಮೇಲೆ, ಬನಿಯನ್ನಿನಲ್ಲಿ. ಒಂದು ಕೈಯಲ್ಲಿ ಚಹಾ, ಇನ್ನೊಂದರಲ್ಲಿ ಪೇಪರು. ಅವರ ಮನೆತನದ ಹೆಸರು ಸಣ್ಣದಲ್ಲ. ಸರ್ನೋಬತ್ ಅಂದರೆ ಹಿಂದಿನ ಕಾಲದ ಕುದುರೆ ದಂಡಿನ ಮುಖ್ಯಸ್ಥ. ಅಜ್ಜಂದಿರ ಅಜ್ಜಂದಿರು ಸಾವಿರಾರು ಕುದುರೆಗಳನ್ನು ಓಡಿಸಿದವರು. ಈಗಿನ ಸರ್ನೋಬತ್ತರು ಒಂದು ಸಹಕಾರಿ ಪತ್ತಿನ ಸಂಘದಲ್ಲಿ ಹಿರಿಯ ಗುಮಾಸ್ತರು. ಇದ್ದ ಒಂದೇ ಒಂದು ಹಳೇ ಸ್ಕೂಟರನ್ನೂ ಹೋದ ಮಳೆಗಾಲದ ಮಹಾಪೂರದಲ್ಲಿ ಪಂಚಗಂಗೆಗೆ ಒಪ್ಪಿಸಿ ಕಾಲ್ದಳಕ್ಕೆ ಇಳಿದಿದ್ದರು.

ಪೇಪರಿನಲ್ಲಿದ್ದ ಸುದ್ದಿ ಇಷ್ಟು. ಏಪ್ರಿಲ್ ಒಂದರಿಂದ ಹೊಗೆಯ ಹೊಸ ನಿಯಮ. ಬಿಎಸ್-ಫೋರ್ ಎಂಬ ಹಳೇ ದರ್ಜೆಯ ಗಾಡಿಗೆ ಆಮೇಲೆ ನಂಬರು ಸಿಗುವುದಿಲ್ಲ, ಬಿಎಸ್-ಸಿಕ್ಸ್‌ಗೆ ಮಾತ್ರ. ಗಡುವು ಮುಂದೂಡಿ ಎಂದು ಅಂಗಲಾಚಿದವರಿಗೆ ಕೋರ್ಟು ಬಾಗಿಲು ತೋರಿಸಿತ್ತು. ಹೀಗಾಗಿ ಶೋರೂಮಿನವರು ಉಳಿದ ಗಾಡಿಗಳನ್ನು ಸಂತೆಯ ಕೊನೆಯ ಬದನೆಕಾಯಿಯಂತೆ ಬಂದ ಬೆಲೆಗೆ ಕೊಟ್ಟು ಕೈ ತೊಳೆದುಕೊಳ್ಳುತ್ತಿದ್ದರು.

"ನಾಕ ಆದಮ್ಯಾಲೆ ಐದ ಬರಬೇಕಲ್ರೀ? ಒಮ್ಮೆಲೆ ಆರ ಹೆಂಗ ಬಂತು?" ಎಂದಳು ಹೆಂಡತಿ ಮಂದಾಕಿನಿ.

"ಐದನ್ನ ಸರಕಾರ ಹಾರಿಸಿಬಿಟ್ಟೈತಿ."

"ನಿಮ್ಮ ಸಂಘದಾಗ ನಿಮ್ಮ ಪ್ರಮೋಶನ್ ಹಾರಿಸಿದಂಗ?"

ಸರ್ನೋಬತ್ತರು ಈ ಪ್ರಶ್ನೆಯನ್ನು ದಾಖಲೆಗೆ ತೆಗೆದುಕೊಳ್ಳಲಿಲ್ಲ.

ಗಾಡಿ ಬೇಕಾದದ್ದು ಮಂದಾಕಿನಿಗೆ. ಆಕೆ ರಾಜಾರಾಂಪುರಿಯ ಒಂದು ಔಷಧದ ಅಂಗಡಿಯಲ್ಲಿ ಕೆಲಸಕ್ಕಿದ್ದಳು. ಪೇಠೆಯಿಂದ ಅಲ್ಲಿಗೆ ನಡೆದರೆ ಸೀರೆಯ ನೆರಿಗೆಯೆಲ್ಲ ಬೆವರು. ಇಪ್ಪತ್ತೆರಡು ವರ್ಷ ಗಂಡನ ಹಿಂದಿನ ಸೀಟಿನಲ್ಲಿ ಕೂತು, "ಅಲ್ಲಾಡಬ್ಯಾಡ, ಮಾತಾಡಬ್ಯಾಡ, ಹೆಂಗಸರಿಗೆ ಬ್ಯಾಲೆನ್ಸ್ ತಿಳಿಯೂದಿಲ್ಲ" ಎಂಬ ಪ್ರವಚನ ಕೇಳಿದವಳು, ಹೋದ ಚಳಿಗಾಲದಲ್ಲಿ ಗೆಳತಿಯ ಗಾಡಿಯಲ್ಲಿ ಕಲಿತು ಸದ್ದಿಲ್ಲದೆ ಲೈಸೆನ್ಸ್ ತಂದು ದೇವರ ಮುಂದೆ ಇಟ್ಟಿದ್ದಳು. ಸರ್ನೋಬತ್ತರು ಅದನ್ನು ತಿರುಗಿಸಿ ಮುರುಗಿಸಿ ನೋಡಿ, "ಫೋಟೋ ಚಲೋ ಬಂದೈತಿ" ಎಂದಷ್ಟೇ ಹೇಳಿದ್ದರು.

ಇಬ್ಬರೂ ಶೋರೂಮಿಗೆ ಹೋದರು. ಮಂದಾಕಿನಿ ನೀಲಿ ಬಣ್ಣದ ಸ್ಕೂಟರನ್ನು ಆರಿಸಿದಳು. ದುಡ್ಡು ಕಟ್ಟಿದ್ದಾಯಿತು. ಅಲ್ಲಿನ ಮಾರಾಟದ ಮನುಷ್ಯ ತಾನಾಜಿ ಮಗದೂಮ ಕಂಪ್ಯೂಟರಿನ ಮುಂದೆ ಕೂತು ಬೆರಳು ಚಟಚಟ ಮುರಿದುಕೊಂಡ.

"ಸಾಹೇಬ್ರ, ಈಗಿಂದೀಗ ಸರಕಾರದ ಕಂಪ್ಯೂಟರಿಗೆ ಏರಿಸಿಬಿಡ್ತೀನಿ. ನಾಳೆ ಆರ್‌ಟಿಓ, ನಾಡದ ನಂಬರ!"

"ನಿಂದರು!" ಸರ್ನೋಬತ್ತರು ಅಂಗೈ ಎತ್ತಿದರು. "ಇವತ್ತ ತಿಥಿ ಯಾವದು?"

"ತಿಥಿನಾ? ಯಾರದ್ರಿ ಸಾಹೇಬ್ರ?"

"ಲೇ, ಪಂಚಾಂಗದ ತಿಥಿ! ಈಗ ಕೃಷ್ಣಪಕ್ಷ. ಚಂದ್ರ ದಿನಾ ದಿನಾ ಸವೀಲಾಕತ್ತಾನ. ಇಂಥಾ ಹೊತ್ತಿನಾಗ ಹೆಸರ ಬರೆಸಿದ ಗಾಡಿ ಮೈಲೇಜ್ ಕೊಡತೈತೇನು? ವರ್ಷಕ್ಕ ಇರೂದು ಮೂರೂವರಿ ಮುಹೂರ್ತ. ಅದರಾಗ ಮೊದಲನೇದು ಪಾಡವಾ. ಯುಗಾದಿ ಪಾಡವಾ ದಿನ, ಗುಢಿ ಏರಿಸಿದ ಗಳಿಗ್ಯಾಗ ನಾ ಫೋನ್ ಮಾಡ್ತೀನಿ. ಅವಾಗ ಒತ್ತು. ಅಲ್ಲೀತನಕ ಒಂದ ಬಟನ್ ಸೈತ ಮುಟ್ಟಬ್ಯಾಡ."

ಮಂದಾಕಿನಿಗೆ ತಾಳಲಾಗಲಿಲ್ಲ. "ಅಲ್ರೀ, ಅವ ಇವತ್ತ ಏರಸಲಿ. ನಾವು ಪಾಡವಾಕ್ಕ ಹಾರ ಹಾಕೂಣು."

"ಹಂಗಲ್ಲ ಮಂದಾ. ಕಂಪ್ಯೂಟರಿನಾಗ ಹೆಸರ ಬಿದ್ದ ಗಳಿಗೀನ ಗಾಡಿಯ ಜನ್ಮಗಳಿಗಿ. ಹಾರ ಹಾಕೂದು ಬರೇ ಬಾರಸಿ, ಹೆಸರಿಡೂ ಶಾಸ್ತ್ರ ಇದ್ದಂಗ."

"ಸಾಹೇಬ್ರ, ಗಡುವು ಮೂವತ್ತೊಂದಕ್ಕ ಐತ್ರಿ" ಎಂದು ಮಗದೂಮ ತಲೆ ಕೆರೆದುಕೊಂಡ.

"ಪಾಡವಾ ಇಪ್ಪತ್ತೈದಕ್ಕ ಐತಿ. ನಡುವ ಬೇಕಾದಷ್ಟ ದಿನ ಅದಾವ! ಅಷ್ಟರಾಗ ಏನಾಕ್ಕೈತಿ? ಜಗತ್ತೇನ ಬಂದ್ ಬೀಳತೈತೇನು?"

ಈ ಮಾತನ್ನು ಮೇಲಿನವರು ಯಾರೋ ಕೇಳಿಸಿಕೊಂಡಿರಬೇಕು.

ವಾರ ಕಳೆಯುವುದರೊಳಗೆ ಊರ ತುಂಬ ಒಂದೇ ಗುಸುಗುಸು. ರೋಗವಂತೆ, ಕೈ ತೊಳೆಯಬೇಕಂತೆ, ಎಲ್ಲ ಮುಚ್ಚುತ್ತಾರಂತೆ. ಶೋರೂಮಿನ ಮಾಲಕ ಬಾಗಿಲು ಎಳೆಯುವ ಮುಂಚೆ, ದುಡ್ಡು ಬಂದ ಗಾಡಿಗಳನ್ನು ಅವರವರ ಮನೆಗೆ ಸಾಗಿಸಿಬಿಟ್ಟ. ನೀಲಿ ಸ್ಕೂಟರು ಟೆಂಪೋದಲ್ಲಿ ಕೂತು ಸರ್ನೋಬತ್ತರ ಬಾಗಿಲಿಗೆ ಬಂತು. ಮಂದಾಕಿನಿ ಆರತಿ ತಟ್ಟೆ ಹಿಡಿದು ಓಡಿ ಬಂದಳು. ಸರ್ನೋಬತ್ತರು ಅಡ್ಡ ನಿಂತರು.

"ಪಾಡವಾತನಕ ಇದು ನಮ್ಮದಲ್ಲ! ನಿಶ್ಚಯ ಆದ ಹುಡುಗಿ ಇದ್ದಂಗ. ಅಕ್ಷತಾ ಬೀಳೂತನಕ ಮುಟ್ಟಬಾರದು."

ಜಗಲಿಯ ಮೂಲೆಯಲ್ಲಿ ಹಳೇ ಬೆಡ್‌ಶೀಟು ಹೊದ್ದು ಸ್ಕೂಟರು ನಿಂತಿತು. ಗಂಡ ಸ್ನಾನಕ್ಕೆ ಹೋದಾಗ ಮಂದಾಕಿನಿ ಬೆಡ್‌ಶೀಟಿನೊಳಗೆ ಕೈ ತೂರಿಸಿ ಹ್ಯಾಂಡಲ್ ಹಿಡಿದು ನೋಡಿ ಬರುತ್ತಿದ್ದಳು. ಬ್ರೇಕು ಮೆತ್ತಗಿತ್ತು.

ಪಾಡವಾ ಇನ್ನೂ ಎರಡು ದಿನವಿದೆ ಎನ್ನುವಾಗ ಮಹಾರಾಷ್ಟ್ರ ಬಂದ್ ಆಯಿತು. ಪಾಡವಾದ ದಿನ ಬೆಳಗಾಗುವುದರೊಳಗೆ ಇಡೀ ದೇಶವೇ ಬಂದ್! ಆದರೂ ಸರ್ನೋಬತ್ತರು ಎದೆಗುಂದಲಿಲ್ಲ. ಕಿಟಕಿಗೆ ರೇಷ್ಮೆ ವಸ್ತ್ರ, ತಂಬಿಗೆ ಕಟ್ಟಿದ ಗುಢಿಯ ಕೋಲು ಏರಿಸಿದರು, ಬೇವು ಬೆಲ್ಲ ತಿಂದರು, ಗಾಡಿಗೆ ಹಾರ ಹಾಕಿದರು, ಚಕ್ರದ ಕೆಳಗೆ ನಿಂಬೆಹಣ್ಣು ಇಟ್ಟರು. ಗಳಿಗೆ ನೋಡಿ ಮಗದೂಮನಿಗೆ ಫೋನ್ ಹಚ್ಚಿ ಗರ್ಜಿಸಿದರು.

"ಮಗದೂಮ! ಈಗ ಒತ್ತು!"

"ಎಲ್ಲಿ ಒತ್ತಲ್ರಿ ಸಾಹೇಬ್ರ? ಕಂಪ್ಯೂಟರ ಶೋರೂಮಿನಾಗ. ಶೋರೂಮಿಗೆ ಕೀಲಿ. ಕೀಲಿ ಮಾಲಕರ ಕಡೆ. ಮಾಲಕರು ಪುಣೆದಾಗ. ಪುಣೆ ಬಂದ್."

"ಲೇ, ಮುಹೂರ್ತ ಮುಗೀತೈತೋ!"

"ಊರ ಮುಗದೈತ್ರಿ, ಮುಹೂರ್ತದ್ದೇನ ಹೇಳ್ತೀರಿ!"

ನಿಂಬೆಹಣ್ಣು ಒಡೆಯಲೆಂದು ಗಾಡಿಯನ್ನು ಒಂದು ಮೊಳ ಮುಂದಕ್ಕೆ ತಳ್ಳಿದರು. ಬಹಳ ದಿನಗಳವರೆಗೆ ಆ ಗಾಡಿ ಮಾಡಿದ ಪ್ರಯಾಣ ಅದೊಂದೇ.

ಇನ್ನೆರಡು ದಿನಕ್ಕೆ ದೆಹಲಿಯಿಂದ ಸುದ್ದಿ ಬಂತು. ಲಾಕ್‌ಡೌನ್ ಮುಗಿದ ಮೇಲೆ ಹತ್ತು ದಿನ, ಉಳಿದ ಗಾಡಿಗಳಲ್ಲಿ ಒಂದಿಷ್ಟು ಪಾಲು ಮಾರಬಹುದು ಎಂದು ಕೋರ್ಟು ಕರುಣೆ ತೋರಿತ್ತು. ಸರ್ನೋಬತ್ತರು ಟಿವಿಯ ಮುಂದೆ ಕುಣಿದರು.

"ನೋಡಿದಿ? ನ್ಯಾಯಮೂರ್ತಿಗಳಿಗೂ ನನ್ನ ಪಾಡವಾ ಒಪ್ಪಿಗಿ ಆತು! ಶ್ರೀಖಂಡ ಮಾಡು!"

"ಮೊದಲ ಮಸರ ತರ್ರಿ. ಹಾಲಿನವಾ ಬಂದ ಮೂರ ದಿನ ಆತು."

ಅಲ್ಲಿಂದ ಮುಂದೆ ಸರ್ನೋಬತ್ತರಿಗೆ ಕೋರ್ಟಿನ ಹುಚ್ಚು ಹಿಡಿಯಿತು. ಪತ್ತಿನ ಸಂಘವೂ ಮುಚ್ಚಿತ್ತು, ಹೊತ್ತು ಬೇಕಾದಷ್ಟಿತ್ತು. ಹಗಲೆಲ್ಲ ಮೊಬೈಲು ಉಜ್ಜುತ್ತ, "ಮುಂದಿನ ವಿಚಾರಣೆ", "ಮಧ್ಯಂತರ ಆದೇಶ", "ಯಥಾಸ್ಥಿತಿ" ಎಂದು ಗುನುಗತೊಡಗಿದರು. ಮನೆಯ ಭಾಷೆಯೇ ಬದಲಾಯಿತು.

"ಮಂದಾ, ಇನ್ನೊಂದ ಕಪ್ ಚಹಾಕ್ಕ ಅರ್ಜಿ ಐತಿ."

"ವಜಾ."

"ಮೇಲ್ಮನವಿ?"

"ಭಾಂಡೆ ತೊಳದ ಬರ್ರಿ, ಅಂಗೀಕಾರ ಮಾಡೂಣು."

ನಗೆಚಾಟಿಕೆ ಏನೇ ಇರಲಿ, ಔಷಧದ ಅಂಗಡಿಗೆ ಮಾತ್ರ ಬಂದ್ ಇರಲಿಲ್ಲ. ರಿಕ್ಷಾ ಇಲ್ಲ, ಬಸ್ಸಿಲ್ಲ. ಏಪ್ರಿಲ್ ಮೇ ತಿಂಗಳ ಬಿಸಿಲಿನಲ್ಲಿ ಮಂದಾಕಿನಿ ಮುಖಕ್ಕೆ ಸೆರಗು ಸುತ್ತಿಕೊಂಡು ದಿನಾ ನಡೆದು ಹೋಗುತ್ತಿದ್ದಳು, ನಡೆದು ಬರುತ್ತಿದ್ದಳು. ಹೊಸಿಲು ದಾಟುವಾಗ ಒಮ್ಮೆ ಆ ಬೆಡ್‌ಶೀಟಿನ ಕಡೆ ನೋಡುತ್ತಿದ್ದಳು. ಒಂದು ಸಂಜೆ ಬಂದವಳೇ ಬಕೆಟ್ಟಿನ ಉಪ್ಪುನೀರಿನಲ್ಲಿ ಕಾಲು ಇಳಿಬಿಟ್ಟು ಕಣ್ಣು ಮುಚ್ಚಿ ಕೂತಳು. ಹಿಮ್ಮಡಿ ಒಡೆದು ರಕ್ತ ಬಂದಿತ್ತು. ಅದನ್ನು ನೋಡಿ ಸರ್ನೋಬತ್ತರು ಬಕೆಟ್ಟಿಗೆ ಇನ್ನಷ್ಟು ಬಿಸಿನೀರು ತಂದು ಸುರಿದರು. ನನ್ನ ಹಟಕ್ಕೆ ಇವಳ ಕಾಲು ಹೀಗಾಯಿತಲ್ಲ ಎಂದು ನಿಜವಾಗಿಯೂ ನಾಚಿಕೆಪಟ್ಟರು. ರಾತ್ರಿ ಊಟ ಸೇರಲಿಲ್ಲ.

ಆದರೆ ಸರ್ನೋಬತ್ತರ ಪಶ್ಚಾತ್ತಾಪ ಸುಮ್ಮನೆ ಕೂಡುವ ಜಾತಿಯದಲ್ಲ. ಬೆಳಗಾಗುವುದರೊಳಗೆ ಅದಕ್ಕೊಂದು ಐಡಿಯಾ ಹುಟ್ಟಿತ್ತು.

"ಮಂದಾ, ಕಾಯದೆ ಬಿಡಿಸಿ ನೋಡಿದೆ. ಕೋರ್ಟಿನ ಸಿಟ್ಟು ಯಾತರ ಮ್ಯಾಲೆ? ಹೊಗಿ ಮ್ಯಾಲೆ! ಹೊಗಿ ಯಾವಾಗ ಬರತೈತಿ? ಇಂಜಿನ್ ಚಾಲೂ ಮಾಡಿದಾಗ! ಇಂಜಿನ್ ಚಾಲೂನ ಮಾಡಲಿಲ್ಲಂದ್ರ? ನಮ್ಮ ಓಣಿ ರಂಕಾಳಾ ಕೆರೀತನಕ ಇಳಿಜಾರೈತಿ. ಅರ್ಧ ದಾರಿ ನಿನ್ನ ಹಂಗ ಉಳ್ಳಿಸ್ಕೊಂತ ಬಿಡ್ತೀನಿ. ಹೊಗಿ ಇಲ್ಲ, ಉಲ್ಲಂಘನೆ ಇಲ್ಲ!"

"ಅಂಗಡಿ ಇರೂದು ರಾಜಾರಾಂಪುರಿಗೆ. ರಂಕಾಳಾ ಇರೂದು ಅದರ ಉಲ್ಟಾ ದಿಕ್ಕಿಗೆ."

"ಇಳಿಜಾರ ಆ ಕಡೇನ ಐತಲ್ಲ, ಏನ ಮಾಡ್ಲಿ?"

"ನಿಮ್ಮ ಕಲಾಪದಾಗ ನನ್ನ ಎಳೀಬ್ಯಾಡ್ರಿ. ಇವತ್ತ ರಂಕಾಳಾದ ಹತ್ರ ಒಬ್ಬ ಅಜ್ಜಿಗೆ ಗುಳಿಗಿ ಮುಟ್ಟಿಸಿ ಹೋಗೂದೈತಿ. ನಾ ನಡಕೊಂತ ಹೊಂಟೆ."

ಆಕೆ ಹೊರಟಳು. ಅಜ್ಜಿಯ ಗುಳಿಗೆಯನ್ನು ದೈವಪ್ರೇರಣೆ ಎಂದೇ ತಿಳಿದ ಸರ್ನೋಬತ್ತರು ಬೆಡ್‌ಶೀಟು ಕಿತ್ತೆಸೆದು, ಗಾಡಿಯನ್ನು ಬೀದಿಗಿಳಿಸಿ, ಏರಿ ಕೂತು ಕಾಲಿನಿಂದ ನೂಕಿದರು. ಆಹಾ! ಗಾಡಿ ಜಾರಿತು. ಗಾಳಿ ಬೀಸಿತು. ಬನಿಯನ್ನು ಉಬ್ಬಿತು. ಮನೆತನದ ರಕ್ತ ಕುದಿಯಿತು. ಎಡಬಲದ ಕಿಟಕಿಗಳೆಲ್ಲ ತೆರೆದವು. ಹೆಂಡತಿಯನ್ನು ದಾಟುವಾಗ "ಹತ್ತು ಮಂದಾ!" ಎಂದು ಕೂಗಿದರು. ಆಕೆ ಹತ್ತಲಿಲ್ಲ. ಗಾಡಿ ಇಳಿಜಾರಿನ ತುದಿಗೆ ಬಂದು ಸರಿಯಾಗಿ ಪೊಲೀಸ್ ಹವಾಲ್ದಾರನ ಬೂಟಿನ ಮುಂದೆ ನಿಂತಿತು.

"ನಂಬರ ಎಲ್ಲೈತಿ?"

"ಸಾಹೇಬ್ರ, ವಿಷಯ ನ್ಯಾಯಾಲಯದ ಮುಂದೈತಿ."

"ಮಾಸ್ಕ್ ಎಲ್ಲೈತಿ?"

ಸರ್ನೋಬತ್ತರು ಬಾಯಿ ಮುಟ್ಟಿ ನೋಡಿಕೊಂಡರು. ಅಲ್ಲಿ ಮೀಸೆ ಬಿಟ್ಟರೆ ಏನೂ ಇರಲಿಲ್ಲ. ಆದರೂ ಇಂಜಿನ್ ಬಂದ್ ಇದೆ, ಹೊಗೆ ಇಲ್ಲ, ಆದ್ದರಿಂದ ಇದು ಕಾಯಿದೆಯ ದೃಷ್ಟಿಯಲ್ಲಿ ಗಾಡಿಯೇ ಅಲ್ಲ ಎಂದು ಹವಾಲ್ದಾರನಿಗೆ ವಿವರಿಸತೊಡಗಿದರು. ಅಷ್ಟರಲ್ಲಿ ಮಂದಾಕಿನಿ ಅಂಗಡಿಯ ಪಾಸು ತೋರಿಸುತ್ತ ಬಂದಳು.

"ವಹಿನಿ, ಇವರು ನಿಮ್ಮವರೇನ್ರಿ?" ಎಂದ ಹವಾಲ್ದಾರ.

ಮಂದಾಕಿನಿ ಗಂಡನನ್ನು ಮೇಲಿಂದ ಕೆಳಗೆ ನೋಡಿದಳು. "ನಮ್ಮವರು ಮಾಸ್ಕ್ ಹಾಕ್ಕೊಂಡ ಹೊರಗ ಬರ್ತಾರ್ರಿ" ಎಂದು ಹೇಳಿ ಮುಂದೆ ನಡೆದಳು.

ಹವಾಲ್ದಾರನಿಗೆ ನಗು ಬಂತೋ ಕನಿಕರ ಬಂತೋ, ದಂಡ ಹಾಕಲಿಲ್ಲ. "ಹೋಗ್ರಿ, ಮನೀಗೆ ಒಯ್ಯಿರಿ. ಹೆಂಗ ತಂದಿರೋ ಹಂಗ. ಇಂಜಿನ್ ಚಾಲೂ ಮಾಡೀರಿ ನೋಡ್ರಿ ಮತ್ತ! ಹೊಗಿ ಬರತೈತಿ."

ಇಳಿದದ್ದಷ್ಟನ್ನೂ ಸರ್ನೋಬತ್ತರು ಗಾಡಿ ನೂಕುತ್ತ ಏರಿದರು. ಹೊಗೆ ಬಂತು; ಗಾಡಿಯಿಂದಲ್ಲ, ಅವರ ಮೂಗಿನಿಂದ. ನೆರೆಮನೆಯ ಹಿಂದೂರಾವ್ ಪೈಲ್ವಾನ್, ಒಂದು ಕಾಲದಲ್ಲಿ ಅಖಾಡಾ ನಡುಗಿಸಿದ ಕುಸ್ತಿಪಟು, ಕಟ್ಟೆಯ ಮೇಲೆ ಬಾದಾಮಿ ಅಗಿಯುತ್ತ ಕೂತಿದ್ದ.

"ಯಶವಂತರಾವ್, ನಿಮ್ಮ ಅಜ್ಜಗೋಳು ಕುದರಿ ಮ್ಯಾಲೆ ಕೂಡತಿದ್ರಂತ ಕೇಳಿದ್ನೆಲ್ಲಾ! ಇಲ್ಲಿ ಕುದರೀನ ಸವಾರನ ಕೈಲೆ ನೂಕಿಸ್ಕೊಳ್ಳಾಕತ್ತೈತಲ್ಲಾ!"

ಜುಲೈ ಬಂತು. ಹತ್ತು ದಿನದ ಸಲಿಗೆಯಲ್ಲಿ ಶೋರೂಮಿನವರು ಲೆಕ್ಕ ಮೀರಿ ಗಾಡಿ ಮಾರಿದ್ದಾರೆಂದು ಕೋರ್ಟು ಕೆಂಡವಾಯಿತು. ಸರ್ನೋಬತ್ತರ ಗಾಡಿಯ ಪಾಳಿ ಬರುವ ಮೊದಲೇ ಕೊಟ್ಟ ಆದೇಶವನ್ನೇ ವಾಪಸ್ ತೆಗೆದುಕೊಂಡಿತು! ಸರ್ನೋಬತ್ತರು ಎರಡು ದಿನ ಟಿವಿ ಹಚ್ಚಲಿಲ್ಲ. ಸ್ಕೂಟರಿನ ಬೆಡ್‌ಶೀಟು ತೊಳೆಯಲು ಹೋಯಿತು. ಮತ್ತೆ ಹೊದಿಸುವ ಉಮೇದಿ ಯಾರಿಗೂ ಉಳಿಯಲಿಲ್ಲ. ಮಳೆಗಾಲದಲ್ಲಿ ಒಗೆದ ಬಟ್ಟೆಗೆ ಜಾಗ ಬೇಕಿತ್ತು. ಎಡಗಡೆ ಕನ್ನಡಿಗೆ ಟವೆಲು, ಬಲಗಡೆಗೆ ಸರ್ನೋಬತ್ತರ ಪಾಯಿಜಾಮ.

ಆಗಸ್ಟಿನಲ್ಲಿ ಕೊನೆಯ ಆಸೆಯೊಂದು ಮಿಣುಕಿತು. ಮಾರ್ಚ್ ಮುಗಿಯುವುದರೊಳಗೆ ಮಾರಾಟವಾಗಿ, ಸರಕಾರದ ಕಂಪ್ಯೂಟರಿಗೆ ಏರಿದ ಗಾಡಿಗಳಿಗೆ ನಂಬರು ಕೊಡಬಹುದು ಎಂದಿತು ಕೋರ್ಟು. ಸರ್ನೋಬತ್ತರು ಕೂಡಲೇ ಮಗದೂಮನಿಗೆ ಫೋನ್ ಹಚ್ಚಿದರು. ಮಂದಾಕಿನಿ ಹಿಟ್ಟಿನ ಕೈಯಲ್ಲೇ ಬಂದು ಬಾಗಿಲಿಗೆ ಒರಗಿ ನಿಂತಳು.

"ಮಗದೂಮ, ನಾನೂ ಮಾರ್ಚಿನ್ಯಾಗ ರೊಕ್ಕ ಕಟ್ಟೀನೆಲ್ಲಾ?"

"ಕಟ್ಟೀರಿ ಸಾಹೇಬ್ರ. ನಿಮ್ಮ ಹಿಂದ ಮುಂದ ಕಟ್ಟಿದವರಿಗೆಲ್ಲಾ ನಂಬರ ಬರತೈತಿ. ರಾಹುಕಾಲದಾಗ ಬಂದ ಒಯ್ದವಗೂ ಬರತೈತಿ. ನೀವು ಒತ್ತಬ್ಯಾಡ ಅಂದ್ರಿ, ನಾ ಒತ್ತಲಿಲ್ಲ."

"ಈಗ ಒತ್ತಾಕ ಬರೂದಿಲ್ಲೇನು?"

"ಕಂಪ್ಯೂಟರಿಗೆ ಪಾಡವಾ ತಿಳಿಯೂದಿಲ್ರಿ. ಮಾರ್ಚ್ ಮೂವತ್ತೊಂದ ಅಷ್ಟ ತಿಳೀತೈತಿ."

"ಗಾಡಿ ವಾಪಸ್?"

"ನಂಬರಿಲ್ಲದ್ದ ಇಟ್ಕೊಂಡ ನಾವೇನ ಪೂಜಿ ಮಾಡ್ಲೇನ್ರಿ? ಬೇಕಾದ್ರ ಸೀಟ, ಕನ್ನಡಿ ಬಿಚ್ಕೊಂಡ ಒಯ್ತೀವಿ."

ಸರ್ನೋಬತ್ತರು ಫೋನ್ ಕೆಳಗಿಟ್ಟರು. ತಿರುಗಿ ಹೆಂಡತಿಯ ಮುಖ ನೋಡುವ ಧೈರ್ಯವಾಗಲಿಲ್ಲ. "ಮಂದಾ, ತಪ್ಪಾತು" ಎಂದರು ನೆಲ ನೋಡುತ್ತ. ಬಯ್ಯಲಿ, ಚೀರಲಿ, ಲಟ್ಟಣಿಗೆ ಎಸೆಯಲಿ ಎಂದು ಕಾದರು. ಆಕೆ ಜಗಲಿಗೆ ಹೋಗಿ ಕನ್ನಡಿಯ ಮೇಲಿನ ಪಾಯಿಜಾಮ ತೆಗೆದು ಮಡಿಚಿದಳು. ಒಳಗೆ ಬಂದು, "ತೀರ್ಪ ಕಾಯ್ದಿಟ್ಟೀನಿ" ಎಂದಷ್ಟೇ ಹೇಳಿ ರೊಟ್ಟಿ ಬಡಿಯತೊಡಗಿದಳು.

ಆ ಮಾತು ಸರ್ನೋಬತ್ತರ ನಿದ್ದೆ ಕೆಡಿಸಿತು. ಕಾಯ್ದಿಟ್ಟ ತೀರ್ಪು ಯಾವ ದಿನ ಬಂದೀತೆಂದು ಕೋರ್ಟಿನವರನ್ನು ಯಾರೂ ಕೇಳುವಂತಿಲ್ಲ, ಹೆಂಡತಿಯನ್ನೂ ಕೇಳುವಂತಿಲ್ಲ.

ಗಣಪತಿ ಹೋಗಿ ಪಿತೃಪಕ್ಷ ಬಂತು. ಆ ಹದಿನೈದು ದಿನ ಕೊಲ್ಹಾಪುರದಲ್ಲಿ ಯಾರೂ ಹೊಸ ಚಮಚ ಕೂಡ ಕೊಳ್ಳುವುದಿಲ್ಲ. ಬಂಗಾರದ ಅಂಗಡಿಯವರು ನೊಣ ಹೊಡೆಯುತ್ತಾರೆ. ಕೊನೆಯ ದಿನ ಸರ್ವಪಿತೃ ಅಮಾವಾಸ್ಯೆ. ಸರ್ನೋಬತ್ತರು ಮಡಿಯುಟ್ಟು, ಹಿರಿಯರಿಗೆ ಎಡೆ ಮಾಡಿ, ಕಾಗೆಗೆಂದು ಅನ್ನ ವಡೆಯ ಎಲೆಯನ್ನು ಸ್ಕೂಟರಿನ ಸೀಟಿನ ಮೇಲೆ ಇಟ್ಟರು. ಜಗಲಿಯಲ್ಲಿ ಅಷ್ಟು ಎತ್ತರದ, ಅಷ್ಟು ಸಮತಟ್ಟಾದ ಜಾಗ ಬೇರೆ ಇರಲಿಲ್ಲ. ಕಾಗೆ ಬಂದು ಹ್ಯಾಂಡಲ್ ಮೇಲೆ ಕೂತು, ಕನ್ನಡಿಯಲ್ಲಿ ಮುಖ ನೋಡಿಕೊಂಡು ವಡೆಗೆ ಬಾಯಿ ಹಾಕಿತು. ಅಂತೂ ಆ ಗಾಡಿಗೆ ಒಬ್ಬ ಸವಾರ ಸಿಕ್ಕಿದ್ದ.

ಅಷ್ಟರಲ್ಲಿ ಪೀಂ ಪೀಂ ಎಂದು ಹಾರ್ನ್ ಆಯಿತು. ಕಾಗೆ ಹಾರಿತು.

ಬಾಗಿಲಲ್ಲಿ ಕೆಂಪು ಬಣ್ಣದ ಹೊಚ್ಚಹೊಸ ಸ್ಕೂಟರು. ಮೇಲೆ ಮಂದಾಕಿನಿ, ತಲೆಗೆ ಹೆಲ್ಮೆಟ್, ಮುಖಕ್ಕೆ ಮಾಸ್ಕ್. ಮುಂದೊಂದು ನಂಬರು ಪ್ಲೇಟು, ಹಿಂದೊಂದು ನಂಬರು ಪ್ಲೇಟು!

"ಇದು... ಇದು ಯಾರದು?"

"ನಂದು. ಬಿಎಸ್-ಸಿಕ್ಸ್. ಪಗಾರದಾಗ ಕಂತು ಮುರಕೋತಾರ."

"ಯಾವಾಗ ತಗೊಂಡಿ?"

"ಹೋದ ಅಷ್ಟಮಿಗೆ."

"ಪಿತೃಪಕ್ಷದಾಗ?" ಸರ್ನೋಬತ್ತರ ಕೈಯಲ್ಲಿದ್ದ ಪಂಚಪಾತ್ರೆ ಠಣ್ಣೆಂದು ಬಿತ್ತು. "ಕೃಷ್ಣಪಕ್ಷ! ಅಷ್ಟಮಿ! ಮ್ಯಾಲೆ ಅಮಾವಾಸಿ ದಿನ ಮನಿ ತುಂಬಿಸ್ಕೊಳ್ಳೂದು!"

"ಅದಕ್ಕ ಹೋಗಿದ್ದು. ಶೋರೂಮಿನಾಗ ಒಂದ ನರಪಿಳ್ಳಿ ಇರಲಿಲ್ಲ. ಕುರ್ಚಿ ಹಾಕಿ ಚಹಾ ಕೊಟ್ಟು, ನನ್ನ ಕಣ್ಣ ಮುಂದ ಮಗದೂಮನ ಕೈಲೆ ಬಟನ್ ಒತ್ತಿಸಿದೆ. ಆರ್‌ಟಿಓದಾಗೂ ಪಾಳಿ ಇಲ್ಲ. ನಂಬರ ಕೈಯಾಗ ಬಂದ ಮ್ಯಾಲೇನ ಗಾಡಿ ಹೊರಗ ತಗದೆ."

"ಹಿರ್ಯಾರು ಏನಂದಾರು ಮಂದಾ? ಇವತ್ತ ಎಲ್ಲಾರೂ ಮನೀಗೆ ಬಂದಿರ್ತಾರ!"

"ಚಲೋನ ಆತು, ನೋಡಲಿ. ಸರ್ನೋಬತ್ ಮಂದಿ ಅವರು. ಮನೀಗೆ ಕುದರಿ ಬಂದ್ರ ಸಿಟ್ಟಾಗತಾರೇನು? ಇಷ್ಟ ದಿನ ಕಟ್ಟಿಹಾಕಿದ ಕುದರಿ ನೋಡಿ ಸಿಟ್ಟಾಗಿದ್ರ ಆಗಿರಬೇಕು."

ಸರ್ನೋಬತ್ತರು ಬಿದ್ದ ಪಂಚಪಾತ್ರೆ ಎತ್ತಿಕೊಂಡರು. ಹೆಂಡತಿಯ ಮುಖದಲ್ಲಿ ಕಣ್ಣು ಮಾತ್ರ ಕಾಣುತ್ತಿತ್ತು. ಇಪ್ಪತ್ತೆರಡು ವರ್ಷದಲ್ಲಿ ಆ ಕಣ್ಣು ಇಷ್ಟು ಹೊಳೆದದ್ದನ್ನು ಅವರು ಕಂಡಿರಲಿಲ್ಲ. ಹಿಂದಿನ ಸೀಟು ಮೆತ್ತಗೆ, ಅಗಲವಾಗಿ ಕಂಡಿತು. ಉಟ್ಟ ಮಡಿ ಎತ್ತಿ ಕಟ್ಟಿಕೊಂಡು ಕೇಳಿದರು.

"ಮಂದಾ... ನನ್ನೂ ಒಂದ ಸುತ್ತ ಒಯ್ಯತೀಯೇನು?"

"ಹತ್ರಿ. ಕೆರಿ ಹತ್ರ ಆ ಅಜ್ಜಿಗೆ ಗುಳಿಗಿ ಕೊಟ್ಟು ಅಂಗಡಿಗೆ ಹೋಗೂದೈತಿ. ಆದ್ರ ಹಿಂದ ಕುಂತ ಅಲ್ಲಾಡಬ್ಯಾಡ್ರಿ, ಮಾತಾಡಬ್ಯಾಡ್ರಿ."

ಸರ್ನೋಬತ್ತರು ಒಂದು ಕಾಲು ಎತ್ತಿದರು. ಎತ್ತಿದವರು, ಏನು ಮಾಡುವುದು, ಹುಟ್ಟುಗುಣ, ಗೋಡೆಯ ಪಂಚಾಂಗದ ಕಡೆ ಒಮ್ಮೆ ಕಣ್ಣು ಹಾಯಿಸಿದರು. ಕಾಲು ಗಾಳಿಯಲ್ಲೇ ನಿಂತಿತು.

"ಮಂದಾ, ಒಂದ ತಾಸ ತಡೀತೀಯೇನು? ಅಮಾವಾಸಿ ನಾಕೂವರಿಗೆ ಮುಗೀತೈತಿ. ಪ್ರತಿಪದಾ ಹತ್ತಿದ ಕೂಡಲೇ..."

ಕಟ್ಟೆಯ ಮೇಲಿದ್ದ ಹಿಂದೂರಾವ್ ಪೈಲ್ವಾನನಿಗೆ ತಿಥಿಯ ಹಂಗಿರಲಿಲ್ಲ. ಬಾದಾಮಿ ಕೊಡವಿಕೊಂಡು ಎದ್ದು ಬಂದವನೇ, "ವಹಿನಿ, ನನ್ನ ಕೆರೀತನಕ ಬಿಡ್ರಿ" ಎಂದು ಹಿಂದಿನ ಸೀಟಿನ ಮೇಲೆ ಧೊಪ್ಪೆಂ‌ದು ಕೂತ. ಗಾಡಿ ಒಂದು ಗೇಣು ಕುಸಿಯಿತು. ಮಂದಾಕಿನಿಯ ಬ್ಯಾಲೆನ್ಸ್ ಮಾತ್ರ ಕೂದಲೆಳೆಯಷ್ಟೂ ಅಲ್ಲಾಡಲಿಲ್ಲ.

ಗುಂಡಿ ಒತ್ತಿದಳು. ಇಂಜಿನ್ ಗುರ್ರೆಂದಿತು. ಹೊರಡುವ ಮುಂಚೆ ಹೆಲ್ಮೆಟ್ಟಿನ ಗಾಜು ಸರಿಸಿ, ಒಂಟಿ ಕಾಲಿನ ಮೇಲೆ ನಿಂತ ಗಂಡನನ್ನೂ ಅವರ ಹಿಂದಿನ ನೀಲಿ ಸ್ಕೂಟರನ್ನೂ ನೋಡಿ ಮಂದಾಕಿನಿ ತೀರ್ಪು ಓದಿದಳು.

"ಮುಹೂರ್ತ ಕೂಡಿ ಬಂದ ಮ್ಯಾಲೆ ನಿಮ್ಮ ಗಾಡಿ ಮ್ಯಾಲೆ ಬರ್ರಿ. ಹೆಂಗೂ ಇಳಿಜಾರೈತಿ!"